ನಾನು ಮಂಡ್ಯಕ್ಕೆ ಬೂಟು ತಂದದ್ದು

ಯುದ್ಧ ಮುಗಿದ ಮರುವರ್ಷ ಮಂಡ್ಯದ ನಮ್ಮ ಕಾಲೇಜಿನ ಫುಟ್‌ಬಾಲ್ ತಂಡಕ್ಕೆ ನಾನು ಸೆಕ್ರೆಟರಿಯಾದೆ. ಜೊತೆಗೆ ಮೈದಾನದ ಬಲ ಅಂಚಿನಲ್ಲಿ ಓಡುವ ರೈಟ್ ಔಟ್ ಆಟಗಾರನೂ ಆದೆ. ಆಟ ಬರುತ್ತಿತ್ತೆಂದಲ್ಲ. ಇದ್ದ ಒಂದೇ ಒಂದು ಚೆಂಡು ನನ್ನ ರೂಮಿನಲ್ಲಿತ್ತು!

ಆ ವರ್ಷ ನಮ್ಮನ್ನು ಹಿಡಿಯುವವರೇ ಇರಲಿಲ್ಲ. ಮದ್ದೂರಿನವರನ್ನು ಅವರ ಊರಿನಲ್ಲೇ ಸೋಲಿಸಿ, ಅವರೇ ಕೊಡಿಸಿದ ವಡೆ ತಿಂದು ಬಂದೆವು. ಮಳವಳ್ಳಿಯವರಿಗೆ ಐದು ಗೋಲು ಹೊಡೆದು ಮಣ್ಣು ಮುಕ್ಕಿಸಿದೆವು. ಇದೆಲ್ಲ ನಮ್ಮ ಕ್ಯಾಪ್ಟನ್ ನಿಂಗೇಗೌಡನ ಬರಿಗಾಲಿನ ಮಹಿಮೆ. ಬಸರಾಳಿನವನು. ಗದ್ದೆ ಕೆಸರಿನಲ್ಲಿ ಬೆಳೆದ ಆ ಪಾದ ಚೆಂಡಿಗೆ ತಗುಲಿದರೆ ಎದುರಾಳಿಯ ಗೋಲು ಕಾಯುವ ಗೋಲಿ, ಚೆಂಡು ಹಿಡಿಯುವ ಬದಲು ತಲೆ ಹಿಡಿದುಕೊಂಡು ಕೂರುತ್ತಿದ್ದ!

ಉಳಿದದ್ದು ಆ ವರ್ಷದ ಕಪ್ಪಿನ ಫೈನಲ್ ಒಂದೇ. ಎದುರಾಳಿ ಶಿವನಸಮುದ್ರದ ತಂಡ, ಆಟ ಮಳವಳ್ಳಿಯ ಮೈದಾನದಲ್ಲಿ. ನಮ್ಮ ಕಾಲೇಜು ಅದುವರೆಗೆ ಒಂದು ಕಪ್ಪನ್ನೂ ಕಂಡಿರಲಿಲ್ಲ. ಡ್ರಿಲ್ ಮೇಷ್ಟ್ರು ನಮ್ಮನ್ನು ಸಾಲಾಗಿ ನಿಲ್ಲಿಸಿ, "ಅವರೆಲ್ಲ ಬೂಟು ಹಾಕ್ಕೊಂಡು ಆಡ್ತಾರೆ, ನಿಮ್ಮ ಕಾಲು ಜೋಪಾನ" ಎಂದರು. ಅಷ್ಟೇ ಅಂದದ್ದು. ಬೂಟು ತನ್ನಿ ಅನ್ನಲಿಲ್ಲ. ಆದರೆ ನನ್ನೊಳಗಿನ ಸೆಕ್ರೆಟರಿ ಎದ್ದು ನಿಂತುಬಿಟ್ಟ!

ಮಿಲಿಟರಿಯವರು ಬೇಡವೆಂದು ಎಸೆದ ಬೂಟುಗಳು ಮೈಸೂರಿನಲ್ಲಿ ಅಗ್ಗಕ್ಕೆ ಸಿಗುತ್ತಿದ್ದವು. ಮರುದಿನವೇ ರೈಲು ಹತ್ತಿ ಹೋಗಿ ಒಂದು ಗೋಣಿಚೀಲದ ತುಂಬ ಹೊತ್ತು ತಂದೆ. ಹನ್ನೊಂದು ಮಂದಿಗೆ ಇಪ್ಪತ್ತೆರಡು ಬೂಟು. ಎರಡೆರಡು ಸಲ ಎಣಿಸಿದ್ದೆ. ಲೆಕ್ಕ ಸರಿಯಾಗಿತ್ತು. ಹಾಸ್ಟೆಲಿನ ಅಂಗಳದಲ್ಲಿ ಚೀಲ ಸುರಿದಾಗ ಇನ್ನೊಂದು ಲೆಕ್ಕ ಹೊರಬಂತು: ಎಡಗಾಲಿನವು ಹದಿನಾಲ್ಕು, ಬಲಗಾಲಿನವು ಎಂಟು!

ಬಸ್ ಸ್ಟ್ಯಾಂಡಿನ ಹತ್ತಿರ ಚಪ್ಪಲಿ ಹೊಲಿಯುತ್ತಿದ್ದ ಮಾದಯ್ಯನ ಹತ್ತಿರ ಓಡಿದೆ. ಆತ ಬೂಟನ್ನು ತಿರುಗಿಸಿ ತಿರುಗಿಸಿ ನೋಡಿದ.

"ಎಡ್ಗಾಲ್ದ ಬಲ್ಗಾಲ್ಗೆ ಮಾಡಕ್ಕೆ ನಾನೇನ್ ಬ್ರಮ್ಮನಾ ಬುದ್ದಿ? ಬೇಕಾದ್ರೆ ತಳಕ್ಕೆ ಇನ್ನೊಂದೆಲ್ಡು ಮೊಳೆ ಒಡ್ಕೊಡ್ತೀನಿ."

"ಹೊಡಿ!" ಎಂದೆ. ಬರಿಗೈಯಲ್ಲಿ ಹೇಗೆ ವಾಪಸು ಹೋಗಲಿ?

ನಿಂಗೇಗೌಡ ಬೂಟನ್ನು ಕೈಯಲ್ಲಿ ತೂಗಿ ನೋಡಿದ. "ಬ್ಯಾಡ ಕಣ್ಲಾ. ನನ್ ಕಾಲ್ಗೆ ನೆಲ ತಗುಲ್ದಿದ್ರೆ ಬಾಲು ಎಲ್ಲೈತೆ ಅಂತ್ಲೇ ಗೊತ್ತಾಗಕ್ಕಿಲ್ಲ."

"ಅದೆಲ್ಲ ಹಳೇ ಕಾಲ ಕಣೋ! ಅವರು ಬೂಟಲ್ಲಿ ತುಳಿದರೆ ನಿನ್ನ ಬೆರಳು ಉಳಿಯುತ್ತಾ? ನೀನು ಮಲಗಿಬಿಟ್ಟರೆ ಕಪ್ಪು ತರೋರು ಯಾರು?" ಎಂದು ಅರ್ಧ ಗಂಟೆ ಭಾಷಣ ಮಾಡಿದೆ. ಭಾಷಣ ನಿಲ್ಲಲಿ ಎಂಬ ಒಂದೇ ಆಸೆಯಿಂದ ಅವನು ಒಪ್ಪಿದ. ಅವನು ಒಪ್ಪಿದ ಮೇಲೆ ಉಳಿದವರೂ ಒಪ್ಪಿದರು. ಮೂವರ ಪಾಲಿಗೆ ಎರಡೂ ಎಡಗಾಲಿನವೇ ಬಂದವು. "ಆಡ್ತಾ ಆಡ್ತಾ ಸರಿಹೋಗುತ್ತೆ" ಎಂದು ಅವರಿಗೆ ಭರವಸೆ ಕೊಟ್ಟೆ.

ಫೈನಲ್ ದಿನ ಇದ್ದಿಲಿನ ಗ್ಯಾಸಿನಲ್ಲಿ ಓಡುವ ಬಸ್ಸಿನಲ್ಲಿ ಮಳವಳ್ಳಿಗೆ ಹೊರಟೆವು. ಓಡುವ ಬಸ್ಸು ಎಂದೆನೆ? ದಾರಿಯ ಪ್ರತಿಯೊಂದು ಏರಿನಲ್ಲೂ ಇಳಿದು ನಾವೇ ತಳ್ಳಿದೆವು. ಬೂಟು ಪಳಗಲಿ ಎಂದು ಹಾಕಿಕೊಂಡೇ ತಳ್ಳಿಸಿದವನು ಈ ಸೆಕ್ರೆಟರಿ! ಮೈದಾನ ಸೇರುವಷ್ಟರಲ್ಲಿ ಬೂಟು ಪಳಗಿರಲಿಲ್ಲ, ಹನ್ನೊಂದು ಮಂದಿಯ ಹಿಮ್ಮಡಿಗಳಲ್ಲೂ ಗುಳ್ಳೆ ಎದ್ದಿತ್ತು.

ಆಟ ಶುರುವಾಯಿತು. ಜನವೋ ಜನ! ನಿಂಗೇಗೌಡ ಓಡಿ ಬಂದು ಒದ್ದ. ಚೆಂಡು ಇದ್ದಲ್ಲೇ ಇತ್ತು, ಅವನು ಮುಂದೆ ಹೋಗಿ ಬಿದ್ದ. ಎರಡು ಎಡಗಾಲಿನ ಮೂವರು ಎತ್ತ ಹೊರಟರೂ ಬಲಕ್ಕೇ ವಾಲಿಕೊಂಡು ಹೋಗಿ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದರು. ಜನ ನಗುವುದನ್ನು ಬಿಟ್ಟು ಮರುಕಪಡಲು ಶುರುಮಾಡಿದಾಗ ಮೂರು ಗೋಲು ಆಗಿತ್ತು. ಮೂರೂ ಅವರದೇ!

ವಿರಾಮದಲ್ಲಿ ನಿಂಗೇಗೌಡ ಬೂಟು ಬಿಚ್ಚಿ ಎಸೆದ. ಆಮೇಲೆ, "ಬಿಚ್ರಲಾ ಎಲ್ಲಾ!" ಎಂದ. ಎಲ್ಲರೂ ಬಿಚ್ಚಿದರು, ನಾನೊಬ್ಬನನ್ನು ಬಿಟ್ಟು. ತಂದವನೇ ಬಿಚ್ಚಿದರೆ ಮರ್ಯಾದೆ ಏನಾದೀತು?

ಆಮೇಲೆ ನೋಡಬೇಕಿತ್ತು ನಮ್ಮ ಆಟ! ಬೋನಿನಿಂದ ಬಿಟ್ಟ ಹಾಗೆ ಓಡಿದರು. ಗುಳ್ಳೆ ಒಡೆದ ಕಾಲಿನಲ್ಲೇ ನಿಂಗೇಗೌಡ ಒಂದು ಗೋಲು ಹೊಡೆದ. ಎರಡಾಯಿತು. ಮೂರಾಯಿತು! ಸರಿಸಮ! ಡ್ರಿಲ್ ಮೇಷ್ಟ್ರು ಟೋಪಿ ಮೇಲಕ್ಕೆಸೆದು ಹಿಡಿಯಲು ಮರೆತರು.

ಕೊನೆಯ ನಿಮಿಷ. ನಾಲ್ವರನ್ನು ತಪ್ಪಿಸಿ ಬಂದ ನಿಂಗೇಗೌಡನಿಗೆ ಬೇರೆ ದಾರಿಯಿರಲಿಲ್ಲ. "ಒದಿಯಲಾ!" ಎಂದು ಕೂಗಿ ಚೆಂಡನ್ನು ನನ್ನ ಕಡೆ ತಳ್ಳಿದ. ಎದುರಿಗೆ ಗೋಲಿ ಒಬ್ಬನೇ. ಕಣ್ಣು ಮುಚ್ಚಿ ಒದ್ದೆ!

ಬೂಟು ಹಾರಿತು.

ತನ್ನ ಮುಖದ ಮೇಲೆ ಕರ್ರಗೆ ಹಾರಿ ಬರುತ್ತಿದ್ದುದನ್ನು ಕಂಡ ಗೋಲಿ ನೆಗೆದು ಎರಡೂ ಕೈಯಿಂದ ಬಾಚಿ ಎದೆಗೆ ಒತ್ತಿಕೊಂಡ. ಜನ ಚಪ್ಪಾಳೆ ತಟ್ಟಿದರು. ಅವನು ಬೂಟನ್ನು ಅಪ್ಪಿಕೊಂಡು ನಿಂತಿರುವಾಗ, ಬೂಟಿನ ಮೊಳೆ ಸವರಿ ಹೋಗಿದ್ದ ಚೆಂಡು ಅವನ ಪಕ್ಕದಿಂದ ಮೆಲ್ಲಗೆ, ಬಹಳ ಮೆಲ್ಲಗೆ, ಗೋಲಿನ ಕಡೆ ಉರುಳುತ್ತಿತ್ತು! ಹಾಗೇ ಬಿಟ್ಟಿದ್ದರೆ ಅದು ತಾನೇ ಒಳಗೆ ಹೋಗುತ್ತಿತ್ತು.

ನಾನು ಬಿಡಲಿಲ್ಲ. ಇನ್ನಷ್ಟು ತಳ್ಳೋಣವೆಂದು ಒಂದು ಕಾಲು ಬರಿದು, ಒಂದು ಕಾಲು ಎರಡು ಸೇರು ಭಾರ, ಹಾಗೇ ಕುಂಟುತ್ತ ಓಡಿದೆ. ಮೊಳೆ ನೆಲಕ್ಕೆ ಕಚ್ಚಿತು. ಮುಗ್ಗರಿಸಿ ಗೆರೆಗೆ ಒಂದು ಮೊಳ ಈಚೆ ಚೆಂಡಿನ ಮೇಲೇ ಬಿದ್ದು, ಆ ಭಯಕ್ಕೆ ಅದನ್ನು ಎರಡೂ ಕೈಯಿಂದ ತಬ್ಬಿಕೊಂಡೆ!

"ಹ್ಯಾಂಡು! ಹ್ಯಾಂಡು!" ಎಂದು ಇಡೀ ಮೈದಾನ ಕಿರುಚಿತು. ರೆಫರಿ ಸೀಟಿ ಊದಿದ. ನಾನು ಎದ್ದು ಮೈಕೊಡವುವಷ್ಟರಲ್ಲಿ ಅವರು ಚೆಂಡನ್ನು ಆ ತುದಿಗೆ ಒದ್ದು, ನಮ್ಮವರೆಲ್ಲ ತಲೆಯ ಮೇಲೆ ಕೈಹೊತ್ತು ನನ್ನನ್ನೇ ನೋಡುತ್ತಿರುವಾಗ ನಾಲ್ಕನೆಯ ಗೋಲು ಹೊಡೆದು ಮುಗಿಸಿದ್ದರು.

ಕಪ್ಪು ಹಿಡಿದುಕೊಂಡು ಶಿವನಸಮುದ್ರದ ಕ್ಯಾಪ್ಟನ್ ನೇರವಾಗಿ ನನ್ನ ಹತ್ತಿರವೇ ಬಂದ. ಕೈ ಕುಲುಕಿದ.

"ನಮ್ ಗೋಲಿ ಇಡ್ದಿದ್ದು ಬೂಟು. ಬಾಲ್ ಇಡ್ದೋರು ನೀವೇ ಕಣ್ರಪ್ಪ! ಮುಂದಿನ್ ವರ್ಸ ನಮ್ ಕಡೀಕೇ ಬಂದ್ಬುಡಿ."

"ಮುಂದಿನ್ ವರ್ಸ ಯಾಕೆ? ಈವತ್ತೇ ಕರ್ಕೊಂಡೋಗಿ!" ಎಂದು ನಮ್ಮ ಹತ್ತೂ ಮಂದಿ ಒಂದೇ ದನಿಯಲ್ಲಿ ಕೂಗಿದರು.

ಆ ವರ್ಷವಿಡೀ ನಮ್ಮ ತಂಡ ಒಮ್ಮತಕ್ಕೆ ಬಂದದ್ದು ಅದೊಂದೇ ಸಲ!