ನಾಲ್ಕು ನಿಮಿಷದ ತಕರಾರು

ನಾಲ್ಕು ನಿಮಿಷಕ್ಕಾಗಿ ಹನ್ನೆರಡು ವರ್ಷ ಕೋರ್ಟಿಗೆ ಅಲೆದ ಮಹಾನುಭಾವನನ್ನು ನೀವು ನೋಡಿದ್ದೀರಾ? ನಾನು ನೋಡಿದ್ದೇನೆ. ನೋಡಿದ್ದಷ್ಟೇ ಅಲ್ಲ, ಫೈಲು ಹೊತ್ತುಕೊಂಡು ಹಿಂದೆಯೇ ಅಲೆದಿದ್ದೇನೆ! ಅವನು ನನ್ನ ದೊಡ್ಡಪ್ಪನ ಮಗ. ಮೂರು ತಲೆಮಾರಿನಿಂದ ಮದ್ರಾಸಿನಲ್ಲಿರುವ ನಮ್ಮ ಮನೆತನಕ್ಕೆ ಇಲ್ಲಿನ ಸೆಕೆಯೂ ಒಗ್ಗಿದೆ. ಇವನೊಬ್ಬ ಮಾತ್ರ ಯಾರಿಗೂ ಒಗ್ಗಲಿಲ್ಲ. ಅತ್ತಿಗೆಗಂತೂ ಮದುವೆಯಾದ ಆರನೇ ವರ್ಷಕ್ಕೇ ಸಾಕಾಯಿತು.

ಮಗಳು ಆಗ ನಾಲ್ಕು ವರ್ಷದ ಕೂಸು. ಅವಳು ಯಾರ ಬಳಿ ಇರಬೇಕೆಂಬ ಕೇಸು ಕುಟುಂಬ ನ್ಯಾಯಾಲಯದಲ್ಲಿ ಮುಗಿಯುವ ತನಕ ಅಮ್ಮನ ಜೊತೆಗಿರಲಿ, ಅಪ್ಪ ಪ್ರತಿ ಶನಿವಾರ ಹತ್ತರಿಂದ ಹನ್ನೆರಡರವರೆಗೆ ಕೋರ್ಟಿನ ಮಕ್ಕಳ ಕೋಣೆಯಲ್ಲಿ ನೋಡಲಿ ಎಂದು ಆದೇಶವಾಯಿತು. ಅಲ್ಲಿದ್ದದ್ದು ಪುಟಾಣಿ ಪ್ಲಾಸ್ಟಿಕ್ ಕುರ್ಚಿಗಳು. ಆರಡಿಯ ಅಣ್ಣ ಕೂತರೆ ಮಂಡಿ ಕಿವಿಗೆ ತಾಗುತ್ತಿತ್ತು. ಎದ್ದರೆ ಕುರ್ಚಿಯೂ ಜೊತೆಗೇ ಏಳುತ್ತಿತ್ತು! "ಲೋ, ಹಿಡ್ಕೊಂಡು ಎಳಿಯೋ, ಟೈಮ್ ವೇಸ್ಟಾಗ್ತಿದೆ" ಎಂದು ನನ್ನನ್ನೇ ಗದರುತ್ತಿದ್ದ.

ಮಗುವಿಗೆ ಆರಾಗಿದ್ದಾಗ ಒಂದು ಶನಿವಾರ ಟಿ. ನಗರದ ಟ್ರಾಫಿಕ್ಕಿನಲ್ಲಿ ಸಿಕ್ಕಿ ನಾಲ್ಕು ನಿಮಿಷ ತಡವಾಗಿ ಬಂತು. ಸೋಮವಾರವೇ ಅಣ್ಣನ ಅರ್ಜಿ: ನಷ್ಟವಾದ ನಾಲ್ಕು ನಿಮಿಷ ವಾಪಸು ಕೊಡಿಸಬೇಕು! ಅತ್ತಿಗೆಯೇನು ಕಡಿಮೆಯೇ? ತಡವಾದದ್ದು ಮೂರೇ ನಿಮಿಷ, ಕೋರ್ಟಿನ ಗಡಿಯಾರವೇ ಮುಂದಿದೆ ಎಂದು ತಕರಾರು ಹಾಕಿದರು. ಗಡಿಯಾರ ಪರೀಕ್ಷಿಸಲು ಕೋರ್ಟು ಒಬ್ಬ ವಕೀಲರನ್ನು ನೇಮಿಸಿತು. ಅವರು ಬರುವಷ್ಟರಲ್ಲಿ ಗಡಿಯಾರವೇ ನಿಂತುಹೋಗಿತ್ತು. ಆಮೇಲೆ ವಾಯಿದೆಯ ಮೇಲೆ ವಾಯಿದೆ, ಅದು ಇತ್ಯರ್ಥವಾಗದೆ ಮೂಲ ಕೇಸೂ ನಿಂತಲ್ಲೇ! ಅಷ್ಟರಲ್ಲಿ 'ಮಗು' ಜೀನ್ಸ್ ತೊಟ್ಟು, ಒಬ್ಬಳೇ ಮೆಟ್ರೋದಲ್ಲಿ ಬರತೊಡಗಿತ್ತು.

"ಅರ್ಜಿ ವಾಪಸ್ ತಗೊಳೋ ಅಣ್ಣ" ಎಂದು ಬೇಡಿಕೊಂಡೆ. ನನಗೆ ನನ್ನ ಬಿಪಿಯ ಜೊತೆಗೆ ಜಡ್ಜಮ್ಮನ ಬಿಪಿಯದ್ದೂ ಚಿಂತೆ.

"ಹುಚ್ಚು ಪೈತ್ಯ! ಕೇಸಿದ್ರೆ ತಾನೇ ಕಣೋ ಶನಿವಾರ ಇರೋದು?"

ಆಗ ಬಂತು ನೋಡಿ ಮೇಲಿನ ಕೋರ್ಟಿನ ತಾಕೀತು: ಎಳೆದಾಡುತ್ತಿರುವ ಕೌಟುಂಬಿಕ ಕೇಸುಗಳನ್ನೆಲ್ಲ ಬೇಗ ಮುಗಿಸಿ! ಎಲ್ಲರೂ ಉಸ್ಸಪ್ಪಾ ಎಂದರೆ, ಅಣ್ಣ ವಡಪಳನಿ ಮುರುಗನಿಗೆ ಹರಕೆ ಹೊತ್ತ, ತನ್ನ ಕೇಸೊಂದು ನಿಧಾನವಾಗಲಿ ಅಂತ! ಮುರುಗನೂ ಮೇಲಿನ ಕೋರ್ಟಿಗೆ ಹೆದರಿದನೋ ಏನೋ, ಎರಡೇ ತಿಂಗಳಲ್ಲಿ ಕೋರ್ಟಿನಿಂದ ಕರೆ ಬಂತು.

ಹೊಸ ಜಡ್ಜಮ್ಮ ಫೈಲಿನಿಂದ ತಲೆಯೆತ್ತಿ, ಮಗು ಎಲ್ಲಿ ಎಂದು ತಮಿಳಿನಲ್ಲಿ ಕೇಳಿದರು: "ಕೊಳಂದೆ ಎಂಗೆ?"

"ನಾನ್‌ದಾನ್ ಮೇಡಂ" ಎಂದು ಎದ್ದು ನಿಂತಿತು ಮಗು, ಲಾಯರಿಗಿಂತ ಗೇಣುದ್ದ ಎತ್ತರ! ಹಿಂದಿನ ವಾರವಷ್ಟೇ ಹದಿನೆಂಟು ತುಂಬಿತ್ತು. ಇನ್ನು ಅವಳನ್ನು ಯಾರ ವಶಕ್ಕೂ ಕೊಡುವಂತಿಲ್ಲ, ಇಂಥವರನ್ನು ನೋಡೆಂದು ಹೇಳುವಂತೆಯೂ ಇಲ್ಲ. ಐದೇ ನಿಮಿಷದಲ್ಲಿ ಎಲ್ಲ ಮುಗಿಯಿತು. ಲಾಯರು ಖುಷಿಯಿಂದ ಕೈಕುಲುಕಿದರು.

"ಹಾಗಾದ್ರೆ ಶನಿವಾರ?" ಎಂದು ಅಣ್ಣ ನನ್ನ ಕಿವಿಯಲ್ಲಿ ಕೇಳಿದ.

ಆ ಶನಿವಾರ ಬೆಳಿಗ್ಗೆಯೇ ಗಡ್ಡ ಬಿಟ್ಟುಕೊಂಡು ನಮ್ಮ ಮನೆಗೆ ಬಂದು ಕೂತ. ಹತ್ತಾಯಿತು. ಹತ್ತೂಕಾಲಿಗೆ ನನ್ನ ಫೋನು ಹೊಡೆದುಕೊಂಡಿತು. ಅಣ್ಣನ ಮಗಳು, ಅಪ್ಪ ಅಲ್ಲಿದ್ದಾರಾ ಎಂದು ಕೇಳುತ್ತಿದ್ದಳು.

"ಚಿತ್ತಪ್ಪಾ, ಅಪ್ಪಾ ಅಂಗೆ ಇರುಕ್ಕಾರಾ? ಮನೆಗೆ ಬೀಗ, ಫೋನ್ ಬೇರೆ ಸ್ವಿಚ್ ಆಫ್!"

ನಾನು ಅಣ್ಣನ ಕಡೆ ತಿರುಗಿದೆ. "ಯಾಕೋ ಆಫ್ ಮಾಡ್ಕೊಂಡೆ?"

"ಆನ್ ಇಟ್ಟು ಅವಳು ಫೋನೇ ಮಾಡದೇ ಇದ್ದಿದ್ರೆ?"

ಫೋನು ಅವನ ಕೈಗಿಟ್ಟೆ. ಅವಳು ಇಲ್ಲಿಗೇ ಬರುತ್ತೇನೆಂದಳು. "ಎಷ್ಟು ಹೊತ್ತು ಇರ್ತೀಯಮ್ಮಾ?" ಎಂದ.

"ತೆರಿಯಲೆಪ್ಪಾ."

"ಗೊತ್ತಿಲ್ವಂತೆ ಕಣೋ!" ಎಂದು ನನಗೆ ಹೇಳಿ, ಗಡ್ಡ ಹೆರೆದುಕೊಂಡು ಬರುತ್ತೇನೆಂದು ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡ. ಬಹಳ ಹೊತ್ತಾದರೂ ನಲ್ಲಿ ಸುರಿಯುತ್ತಲೇ ಇತ್ತು. ನೀರಿನ ಬರದ ಮದ್ರಾಸಿನಲ್ಲಿ ಹುಟ್ಟಿ, ತೊಟ್ಟಿಕ್ಕುವ ನೀರಿಗೂ ಎದೆ ಹೊಡೆದುಕೊಳ್ಳುವ ನಾನು, ಅವತ್ತು ನಿಲ್ಲಿಸೋ ಎನ್ನಲಿಲ್ಲ.