ಮಸ್ಕತ್ತಿಗೆ ಮೊದಲು ಬಂದ ಅಜ್ಜ

ಮಸ್ಕತ್ತಿನಲ್ಲಿ ಇಬ್ಬರು ತುಳುವರು ಸೇರಿದರೆ ಮಾತು ‘ಊರಲ್ಲಿ ಎಲ್ಲಿ?’ ಎಂದು ಶುರುವಾಗಿ ‘ಇಲ್ಲಿಗೆ ಮೊದಲು ಬಂದವರು ಯಾರು?’ ಎಂಬ ಜಗಳಕ್ಕೆ ಬಂದು ನಿಲ್ಲುತ್ತದೆ. ತೊಂಬತ್ತರ ದಶಕದ ಆರಂಭದಲ್ಲಿ ನಮ್ಮ ಸಂಘದವರು ಆ ಜಗಳವನ್ನು ನನ್ನ ತಲೆಗೆ ಕಟ್ಟಿದರು. ಮೊದಲು ಬಂದ ಕುಟುಂಬವನ್ನು ನಾನು ಹುಡುಕಬೇಕು, ವಾರ್ಷಿಕೋತ್ಸವದ ದೀಪ ಆ ಮನೆಯವರು ಹಚ್ಚಬೇಕು. ನನ್ನ ಶುಕ್ರವಾರದ ನಿದ್ದೆ ಖಲಾಸ್!

ಯಾರೂ ಇಲ್ಲದ ಊರು

“ನಮ್ಮ ಮಾವ ಬರುವಾಗ ಇಲ್ಲಿ ರಸ್ತೆಯೇ ಇರಲಿಲ್ಲ” ಎಂದರು ಒಬ್ಬರು. ಪಕ್ಕದ ಮನೆಯವರು ಬಿಟ್ಟಾರೆಯೇ? “ನಮ್ಮವರು ಬರುವಾಗ ಕರೆಂಟೇ ಇರಲಿಲ್ಲ.” ಮೂರನೆಯವರು ಎಲ್ಲರನ್ನೂ ಮೀರಿಸಿದರು: “ನಮ್ಮ ದೊಡ್ಡಪ್ಪ ಬರುವಾಗ ಇಲ್ಲಿ ಜನವೇ ಇರಲಿಲ್ಲ.”

“ಹಾಗಾದ್ರೆ ಅವರಿಗೆ ವೀಸಾ ಕೊಟ್ಟದ್ದು ಯಾರು ಮಾರಾಯ್ರೆ?”

ಆ ಮನೆಯಲ್ಲಿ ನನಗೆ ಚಹಾ ಸಿಗಲಿಲ್ಲ.

ಖರ್ಜೂರದ ತಟ್ಟೆ

ರುಸ್ತಾಕ್ ಪೇಟೆಯಲ್ಲಿದ್ದ ನಮ್ಮೂರ ಬ್ಯಾರಿ ಅಂಗಡಿಯವರಿಗೆ ಹಳಬರೆಲ್ಲ ಗೊತ್ತೆಂದು ಅಲ್ಲಿಗೆ ಹೋದೆ. ಅಲ್ಲಿ ಕೂತಿದ್ದ ಒಮಾನಿ ಮುದುಕರೊಬ್ಬರು ವಿಷಯ ತಿಳಿದು ಖುಷಿಪಟ್ಟು, ತಮ್ಮ ಅಪ್ಪ, ಅಜ್ಜ, ಮುತ್ತಜ್ಜನ ಹೆಸರುಗಳನ್ನು ‘ಬಿನ್, ಬಿನ್’ ಎಂದು ಪೋಣಿಸುತ್ತ ಹೋದರು. ನನ್ನ ಕಹ್ವಾ ಕಾಫಿ ಆರಿತು. ಆಮೇಲೆ “ನಿನ್ನದು ಹೇಳು” ಎಂದರು. ನಾನು ಅಜ್ಜನವರೆಗೆ ಹೋಗಿ ನಿಂತುಬಿಟ್ಟೆ. ಮುದುಕರ ಕಣ್ಣು ತೇವವಾಯಿತು. ಖರ್ಜೂರದ ತಟ್ಟೆಯನ್ನೇ ನನ್ನ ಕಡೆ ತಳ್ಳಿದರು.

“ಎಂತ ಆಯ್ತು?” ಎಂದು ಅಂಗಡಿಯವರನ್ನು ಕೇಳಿದೆ.

“ನಿಮ್ಮನ್ನು ಅನಾಥ ಅಂತ ಗ್ರಹಿಸಿದ್ದಾರೆ. ಸುಮ್ಮನೆ ತಿನ್ನಿ.”

ಫೋಟೋದ ಅಜ್ಜ

ಕೊನೆಗೆ ಪಟ್ಟಿಯಲ್ಲಿ ಉಳಿದದ್ದು ಹಡಗಿನಲ್ಲಿ ಮತ್ರಾ ಬಂದರಿಗೆ ಬಂದಿಳಿದ ಒಬ್ಬ ಅಜ್ಜ. ಅವರ ಮೇಲೆ ಇಬ್ಬರು ಅಮ್ಮಂದಿರ ಹಕ್ಕು. ಅಲ್ ಹೈಲ್ ಬಡಾವಣೆಯ ಅಮ್ಮ ಕಟ್ಟು ಹಾಕಿದ ಫೋಟೋ ಸಮೇತ ನಮ್ಮ ಮನೆಗೆ ಬಂದು, “ಇವರು ನನ್ನ ತಾಯಿಕಡೆ ಅಜ್ಜಿಯ ಒಡಹುಟ್ಟಿದ ಅಣ್ಣ. ದೀಪ ನಮ್ಮದು” ಎಂದರು. ಹಿಂದೆಯೇ ಬಂದ ಮತ್ರಾದ ಅಮ್ಮ, “ಎಂತದು? ಅವರು ನನ್ನ ತಾಯಿಕಡೆ ಅಜ್ಜಿಯ ಅಣ್ಣ!” ಎಂದರು. ತಮಾಷೆಯೆಂದರೆ ಒಬ್ಬರ ಮಗನಿಗೂ ಇನ್ನೊಬ್ಬರ ಮಗಳಿಗೂ ಆಗಲೇ ನಿಶ್ಚಿತಾರ್ಥವಾಗಿತ್ತು.

ನಮ್ಮಲ್ಲಿ ಬಳಿ, ಅಂದರೆ ಗೋತ್ರದಂಥ ಕುಲ, ಹರಿಯುವುದು ತಾಯಿಯಿಂದ. ಒಂದೇ ಬಳಿಯ ಹುಡುಗ ಹುಡುಗಿ ಅಣ್ಣ ತಂಗಿ ಲೆಕ್ಕ, ಮದುವೆಯಿಲ್ಲ. ನಾನು ಮೆಲ್ಲಗೆ ಕೇಳಿದೆ: “ಅಜ್ಜ ಇಬ್ಬರ ಅಜ್ಜಿಗೂ ಅಣ್ಣನಾದರೆ, ನೀವಿಬ್ಬರೂ ಒಂದೇ ಬಳಿ ಆಗಲಿಲ್ವಾ ಅಮ್ಮ?”

ಅಲ್ ಹೈಲ್‌ನ ಅಮ್ಮ ಎದೆಗವಚಿದ್ದ ಫೋಟೋವನ್ನು ಟೀಪಾಯಿಯ ಮೇಲಿಟ್ಟರು.

“ನನ್ನ ಅಜ್ಜಿಗೆ ಅಣ್ಣಂದಿರೇ ಇರಲಿಲ್ಲ, ಈಗ ನೆನಪಾಯ್ತು” ಎಂದರು ಮತ್ರಾದವರು. “ನಿಮ್ಮವರೇ ಇರಬೇಕು ಅಕ್ಕ.”

“ಛೆ, ಛೆ, ನಮಗೆ ಯಾಕೆ?” ಎಂದರು ಅಲ್ ಹೈಲ್‌ನವರು. “ಇವರು ಊರಿನ ನೆರೆಮನೆಯವರು ಅಂತ ಕಾಣ್ತದೆ.”

ಮದುವೆ ಗಡದ್ದಾಗಿ ನಡೆಯಿತು. ಫೋಟೋವನ್ನು ಮಾತ್ರ ಯಾರೂ ಒಯ್ಯಲಿಲ್ಲ, ಅದು ನಮ್ಮ ಹಾಲ್‌ನ ಗೋಡೆ ಸೇರಿತು. ಫೋಟೋ ಇದ್ದ ಮನೆಯೆಂದು ವಾರ್ಷಿಕೋತ್ಸವದಲ್ಲಿ ದೀಪ ಹಚ್ಚಿದವಳು ನನ್ನ ಹೆಂಡತಿ. ಈಗ ಮನೆಗೆ ಬಂದವರಿಗೆಲ್ಲ ಫೋಟೋ ತೋರಿಸಿ ಹೇಳುತ್ತಾಳೆ:

“ನಮ್ಮ ಅಜ್ಜಿಯ ಅಣ್ಣ. ಇವರು ಬರುವಾಗ ಇಲ್ಲಿ ಎಂತ ಕೂಡ ಇರಲಿಲ್ಲ!”