ಸರ್ಕಾರಿ ಟಿವಿ, ಶೇಡಬಾಳದ ಮಾಳಿಗೆ

ಎಂಬತ್ತರ ದಶಕದ ಕೊನೆಯಲ್ಲಿ ಸರ್ಕಾರಿ ಟಿವಿಯ ಕೃಷಿ ಕಾರ್ಯಕ್ರಮ ಮಾಡಲು ನಾನು ಚಿಕ್ಕೋಡಿ, ರಾಯಬಾಗ, ಅಥಣಿ ಎಂದು ಜೀಪಿನಲ್ಲಿ ಅಲೆಯುತ್ತಿದ್ದೆ. ಬೆಳೆ ತೋರಿಸಲು ಹೋದರೆ, ಬೆಳೆಯೊಂದನ್ನು ಬಿಟ್ಟು ಮಿಕ್ಕಿದ್ದೆಲ್ಲ ಆಗುತ್ತಿತ್ತು.

ಜೀಪು

ಹಾರೂಗೇರಿ ಬಳಿ ನೀರಾವರಿಯ ಶೂಟಿಂಗ್. ದೂರದಿಂದ ನೋಡಿದಾಗ ಕಬ್ಬಿಗೆ ನೀರು ಧಾರಾಳವಾಗಿ ಹರಿಯುತ್ತಿತ್ತು. ನಮ್ಮ ಸರ್ಕಾರಿ ಜೀಪು ಹತ್ತಿರ ಬಂದದ್ದೇ ತಡ, ಪಂಪುಗಳೆಲ್ಲ ಗಪ್‌ಚುಪ್. ಕರೆಂಟ್ ಹೋಯಿತೇನೋ, ಬಂದ ಕೂಡಲೇ ಹಿಡಿಯೋಣ ಎಂದು ಕ್ಯಾಮೆರಾ ಚಾಲೂ ಮಾಡಿ ಕಾದೆವು. ಮುದುಕನೊಬ್ಬ ಬಂದು ಕೇಳಿದ:

"ಲೈಟ್ ಆಫೀಸಿನವರೇನ್ರಿ? ವಾಯರ್ ಕೀಳಾಕ ಬಂದೀರೇನು?"

"ಅಲ್ಲ ಅಜ್ಜಾ, ಟಿವಿಯವರು."

ಮುದುಕನ ಮುಖ ಅರಳಿತು. ಹೊಲದ ಕಡೆ ತಿರುಗಿ ಕೂಗಿದ: "ಲೇ, ಇವರು ಬ್ಯಾರೇನ ಅದಾರ! ಹಾಕ್ರಲೇ ಕಂಬಕ್ಕ ವಾಯರ್!"

ಕ್ಯಾಮೆರಾ ಓಡುತ್ತಲೇ ಇತ್ತು.

ಒಂದೇ ಪ್ರಶ್ನೆ

ಶೇಡಬಾಳದ ದ್ರಾಕ್ಷಿ ಬೆಳೆಗಾರರೊಬ್ಬರು ಶೂಟಿಂಗಿಗೆಂದು ಮದುವೆಯ ಕೋಟು ಹಾಕಿಕೊಂಡು ಬಿಸಿಲಲ್ಲಿ ನಿಂತಿದ್ದರು. "ಈ ವರ್ಷ ಬೆಳೆ ಹೇಗಿದೆ?" ಎಂದೆ. "ಚಲೋ ಐತ್ರಿ." ಧ್ವನಿ ಸರಿ ಬರಲಿಲ್ಲ, ಮತ್ತೆ ಕೇಳಿದೆ. "ಚಲೋ ಐತ್ರಿ" ಎಂದರು, ಈ ಸಲ ಕೊಂಚ ಬಿಗಿಯಾಗಿ. ಅಷ್ಟರಲ್ಲಿ ಎಮ್ಮೆಯೊಂದು ಅಡ್ಡ ಬಂತು. ಮತ್ತೊಮ್ಮೆ ಕೇಳಿದಾಗ ರೇಗಿಯೇಬಿಟ್ಟರು:

"ಸಾಹೇಬ್ರ, ನನ್ನ ಮ್ಯಾಲ ನಂಬಿಕಿ ಇಲ್ಲಂದ್ರ ತ್ವಾಟದಾಗ ಹೊಕ್ಕು ನೋಡ್ಕೋರಿ!"

ಮತ್ತೆ ಕೇಳುವ ಧೈರ್ಯ ಆಗಲಿಲ್ಲ. ಪ್ರಸಾರಕ್ಕೆ ಹೋದದ್ದೂ ಆ ರೇಗಿದ ಉತ್ತರವೇ.

ಮಾಳಿಗೆ

ತಮ್ಮನ್ನು ತಾವು ಟಿವಿಯಲ್ಲಿ ಒಮ್ಮೆ ನೋಡಬೇಕು ಎಂಬುದು ಅದೇ ಬೆಳೆಗಾರರ ದೊಡ್ಡ ಆಸೆ. ಪ್ರಸಾರದ ಸಂಜೆ ನನ್ನನ್ನೂ ಕರೆಸಿಕೊಂಡರು. ಆ ಕಡೆಯ ಆಂಟೆನಾಗಳೆಲ್ಲ ಮಹಾರಾಷ್ಟ್ರಕ್ಕೆ ಮುಖ ಮಾಡಿರುತ್ತಿದ್ದವು. ಕನ್ನಡ ಬೇಕೆಂದರೆ ತಿರುಗಿಸಬೇಕು. ಏಣಿ ಇಟ್ಟು ಮಾಳಿಗೆ ಹತ್ತಿ ಅವರೇ ತಿರುಗಿಸಿದರು.

"ಬಂತೇನ್ರೋ?"

"ಬಂತ್ರಿ!"

ಕೈ ಬಿಟ್ಟರೆ ಚಿತ್ರ ಮಾಯ. ತಮ್ಮ ಹೋಗಿ ಹಿಡಿದ, ಏನೂ ಬರಲಿಲ್ಲ. ಅಳಿಯ ಹಿಡಿದ, ಮರಾಠಿ ಬಂತು. ಪಡಸಾಲೆಯಲ್ಲಿ ಕಿಕ್ಕಿರಿದಿದ್ದ ಜನ ಒಟ್ಟಾಗಿ ಕೂಗಿದರು:

"ನೀವ ಹಿಡೀರಿ ಕಾಕಾ! ನೀವು ಹಿಡದ್ರಷ್ಟ ನೀವು ಬರಾಕತ್ತೀರಿ!"

ಒಳಗಿನಿಂದ ಅವರದೇ ಧ್ವನಿ ಕೇಳಿಸಿತು, ಹಿಂದೆಯೇ ನಗು, ಚಪ್ಪಾಳೆ. ಮೇಲೆ ಅವರು ಆಂಟೆನಾದ ಕಂಬ ತಬ್ಬಿಕೊಂಡು ಆಕಾಶ ನೋಡುತ್ತ ನಿಂತಿದ್ದರು. ನನಗೆ ನಿಜಕ್ಕೂ ಪಾಪ ಅನಿಸಿತು.

ಕಾರ್ಯಕ್ರಮ ಮುಗಿದ ಮೇಲೆ ಇಳಿದು ಬಂದರು. "ಸಾಹೇಬ್ರ, ಹೆಂಗ ಕಂಡ್ನಿ?"

"ಬಹಳ ಚೆನ್ನಾಗಿ ಕಂಡಿರಿ" ಎಂದೆ.

ಅವರು ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿದರು.

"ನೀವ್ಯಾವಾಗ ನೋಡಿದ್ರಿ? ಇಷ್ಟೊತ್ತನಕ ನನ್ನ ಏಣಿ ಹಿಡ್ಕೊಂಡು ನಿಂತಿದ್ದವರು ನೀವ ಅಲ್ಲೇನು?"